ಅರ್ಜಿದಾರರ ಮುಖವನ್ನು ಗಾಜಿನ ಮೇಲೆ ಇರಿಸುವ ಬಗ್ಗೆ ತಿದ್ದುಪಡಿ

ಅಧೀಕ್ಷಕರ ಕಾರ್ಯಾಲಯ
ಗುರುತುಚೀಟಿ ವಿಭಾಗ
(ಮೆಟ್ಟಿಲು ಹತ್ತಿ ಬಲಕ್ಕೆ. ಎಡಕ್ಕೆ ತಿರುಗಿದವರಿಗೆ ನೀರಿನ ತೊಟ್ಟಿ ಸಿಗುತ್ತದೆ. ಅದಕ್ಕೆ ಈ ವಿಭಾಗವು ಹೊಣೆಯಲ್ಲ.)

ಸಂಖ್ಯೆ: ಗುಚೀವಿ/ಗಾಜು/ಮುಖ/೪೧/ತಿದ್ದುಪಡಿ–೧
ದಿನಾಂಕ: ಸೋಮವಾರ ಬೆಳಿಗ್ಗೆ ಆರಂಭಿಸಿ ಬುಧವಾರ ಸಂಜೆ ಮುಗಿಸಲಾಗಿದೆ.

ವಿಷಯ: ವಿಭಾಗದ ಹಳೆಯ ಗಣಕ ತಂತ್ರಾಂಶಕ್ಕೆ ಚಿತ್ರ ಸೆರೆಹಿಡಿಯುವ ಹಾಗೂ ಚಿತ್ರ ತೋರಿಸುವ ಸೌಲಭ್ಯಗಳನ್ನು ಸೇರಿಸಿದ ತರುವಾಯ ಅರ್ಜಿದಾರರ ಮುಖವನ್ನು ಗಾಜಿನ ಮೇಲೆ ಇರಿಸಿದ, ಇರಿಸಬೇಕಾದ ಮತ್ತು ಇರಿಸಬಾರದ ವಿಧಾನಗಳ ಬಗ್ಗೆ, ಹಾಗೂ ಚಹರೆ ಗುಮಾಸ್ತೆಯವರ ಹುದ್ದೆಯ ಬಗ್ಗೆ.

ಉಲ್ಲೇಖ:
(೧) ಇದೇ ಕಾರ್ಯಾಲಯದ ಸುತ್ತೋಲೆ ಸಂಖ್ಯೆ ಗುಚೀವಿ/ಗಾಜು/೪೦ (ಇನ್ನು ಮುಂದೆ ‘ಮೂಲ ಸುತ್ತೋಲೆ’).
(೨) ಬ್ರೆಡ್ ಭಟ್ಟಿಯ ಯಜಮಾನರ ಮೌಖಿಕ ದೂರು. (ಬಾಯಿಂದ ಹೇಳಿದ್ದನ್ನು ಮಾತ್ರ ಪರಿಗಣಿಸಲಾಗಿದೆ, ಮುಖದಿಂದ ತೋರಿಸಿದ್ದನ್ನು ಪರಿಗಣಿಸಿಲ್ಲ.)
(೩) ಮೂಲ ಸುತ್ತೋಲೆಯ ಕರಡು, ಪುಟ ಒಂದು, ಎಡ ಅಂಚು. (ಈ ಉಲ್ಲೇಖವನ್ನು ಬುಧವಾರ ಸೇರಿಸಲಾಗಿದೆ.)

ಸೂಚನೆ (ಇದನ್ನೂ ಬುಧವಾರ ಸೇರಿಸಲಾಗಿದೆ): ಈ ಸುತ್ತೋಲೆಯಲ್ಲಿ ಒಮ್ಮೆ ಬರೆದ ಯಾವ ಪದವನ್ನೂ ಹೊಡೆದುಹಾಕಿಲ್ಲ. ಸೋಮವಾರ ಬರೆದದ್ದು ಬುಧವಾರಕ್ಕೆ ಒಗ್ಗದಿದ್ದರೂ ಹಾಗೆಯೇ ಬಿಡಲಾಗಿದೆ. ಕಾರಣಕ್ಕೆ ಕಂಡಿಕೆ ೧೩ನ್ನು ನೋಡುವುದು.

ಪ್ರಸ್ತಾವನೆ

ಇಪ್ಪತ್ತಾರು ವರ್ಷಗಳಿಂದ ಈ ವಿಭಾಗವು ನಾಗರಿಕರಿಗೆ ಗುರುತುಚೀಟಿ ನೀಡುವ ಕಾರ್ಯವನ್ನು ಒಂದೇ ತಂತ್ರಾಂಶದ ನೆರವಿನಿಂದ ನಡೆಸಿಕೊಂಡು ಬಂದಿರುತ್ತದೆ. ಕಪ್ಪು ಪರದೆಯ ಮೇಲೆ ಹಸಿರು ಅಕ್ಷರಗಳನ್ನಷ್ಟೇ ಬಲ್ಲ ಸದರಿ ತಂತ್ರಾಂಶವನ್ನು ಸಿಬ್ಬಂದಿಯು ‘ಹಳೆಯಮ್ಮ’ ಎಂದು ಕರೆಯುತ್ತಿರುವುದು ಗಮನಕ್ಕೆ ಬಂದಿದ್ದು, ವಯಸ್ಸಾದವರನ್ನು ಹಾಗೆ ಕರೆಯುವುದರಲ್ಲಿ ಅಗೌರವವೇನೂ ಇಲ್ಲವೆಂದು ಮನಗಂಡು ಅನುಮತಿ ನೀಡಲಾಗಿದೆ. ಹಳೆಯಮ್ಮನ ಹೊಟ್ಟೆಯಲ್ಲಿ ಪ್ರತಿಯೊಬ್ಬ ನಾಗರಿಕರ ಹೆಸರು, ವಾಸಸ್ಥಳ, ಕಸುಬು ಹಾಗೂ ‘ಚಹರೆ’ ಎಂಬ ಶೀರ್ಷಿಕೆಯ ನಲವತ್ತು ಅಕ್ಷರಗಳ ಒಂದು ಸಾಲು ಇರುತ್ತದೆ. ಕೌಂಟರಿನ ಎದುರು ನಿಂತವರನ್ನು ಕಣ್ಣಾರೆ ನೋಡಿ ಆ ಸಾಲನ್ನು ತುಂಬುವ ಸಲುವಾಗಿ ಚಹರೆ ಗುಮಾಸ್ತೆಯ ಹುದ್ದೆಯೊಂದು ಮಂಜೂರಾಗಿದ್ದು, ಆರಂಭದಿಂದ ಇಂದಿನವರೆಗೆ ಅದರಲ್ಲಿ ಒಬ್ಬರೇ ಮಹಿಳೆ ಕುಳಿತಿರುತ್ತಾರೆ. ಸಿಬ್ಬಂದಿಯೂ ಸಾರ್ವಜನಿಕರೂ ಅವರನ್ನು ‘ಚಹರೆ ಅಕ್ಕ’ ಎನ್ನುತ್ತಾರೆ.

ಅಕ್ಷರಕ್ಕಿಂತ ಚಿತ್ರವು ಪ್ರಾಮಾಣಿಕವೆಂಬ ನಂಬಿಕೆಯಿಂದ ಕಳೆದ ತಿಂಗಳು ಹಳೆಯಮ್ಮನಿಗೆ ಎರಡು ಹೊಸ ಸೌಲಭ್ಯಗಳನ್ನು ಸೇರಿಸಲಾಯಿತು: ಭಾವಚಿತ್ರವನ್ನು ಗಾಜಿನ ಯಂತ್ರದಿಂದ ಓದಿಸಿ ಒಳಗೆ ಸೇರಿಸುವುದು, ಮತ್ತು ಬೇಕೆಂದಾಗ ಪರದೆಯ ಮೇಲೆ ತೋರಿಸುವುದು. (ಸದರಿ ಯಂತ್ರಕ್ಕೆ ಸಿಬ್ಬಂದಿಯು ಸ್ಕ್ಯಾನರ್ ಎನ್ನುತ್ತಾರೆ. ಗಾಜು ಎಂಬ ಎರಡಕ್ಷರದ ಪದವು ಇರುವಾಗ ಅದರ ಅವಶ್ಯಕತೆ ಕಂಡುಬಂದಿಲ್ಲ.) ಇದರ ಬಳಕೆಯ ಕ್ರಮವನ್ನು ಮೂಲ ಸುತ್ತೋಲೆಯ ನಾಲ್ಕನೆಯ ಕಂಡಿಕೆಯಲ್ಲಿ ಈ ಕೆಳಗಿನಂತೆ ವಿಧಿಸಲಾಗಿತ್ತು:

“ಅರ್ಜಿದಾರರ ಮುಖವನ್ನು ಕೆಳಮುಖವಾಗಿ ಗಾಜಿನ ಮೇಲೆ ಇರಿಸಿ, ಮುಚ್ಚಳವನ್ನು ಮುಚ್ಚಿ, ಬೆಳಕು ಈ ತುದಿಯಿಂದ ಆ ತುದಿಗೆ ಹೋಗುವವರೆಗೂ ಅಲುಗಾಡದಂತೆ ಒತ್ತಿ ಹಿಡಿಯತಕ್ಕದ್ದು.”

ಒಂಬತ್ತು ಕೆಲಸದ ದಿನಗಳಲ್ಲಿ ಎರಡನೆಯ ಕೌಂಟರಿನ ಗುಮಾಸ್ತರು ನಲವತ್ತೊಂದು ಮಂದಿ ನಾಗರಿಕರ ಮುಖಗಳನ್ನು, ಅಂದರೆ ಸ್ವತಃ ಅವರ ಕುತ್ತಿಗೆಯ ಮೇಲಿರುವ ಮುಖಗಳನ್ನು, ಗಾಜಿನ ಮೇಲೆ ಇರಿಸಿ, ಮುಚ್ಚಳವನ್ನು ಮುಚ್ಚಿ, ಒತ್ತಿ ಹಿಡಿದಿರುತ್ತಾರೆ. ನಾಗರಿಕರು ಕೈಯಲ್ಲಿ ತಂದಿದ್ದ ಭಾವಚಿತ್ರಗಳನ್ನು ಅವರಿಗೇ ಹಿಂದಿರುಗಿಸಲಾಗಿದೆ.

ಈ ಹಿನ್ನೆಲೆಯಲ್ಲಿ, ಸಂಬಂಧಪಟ್ಟ ಸರ್ವರೂ ತಿಳಿದು ನಡೆಯಬೇಕೆಂಬ ಉದ್ದೇಶದಿಂದ, ಈ ಮೂಲಕ ಸೂಚಿಸಲಾಗುವುದೇನೆಂದರೆ:

೧. ಮೂಲ ಸುತ್ತೋಲೆಯಲ್ಲಿ ಯಾವುದೇ ದೋಷವಿರುವುದಿಲ್ಲ. ಸದರಿ ವಾಕ್ಯವನ್ನು ಅಧೀಕ್ಷಕರು ಖುದ್ದಾಗಿ ಬಿಡಿಸಿ ಪರಿಶೀಲಿಸಿದ್ದು, ‘ಅರ್ಜಿದಾರರ’ ಎಂಬುದು ಷಷ್ಠೀ ವಿಭಕ್ತಿಯಲ್ಲಿಯೂ ‘ಮುಖವನ್ನು’ ಎಂಬುದು ದ್ವಿತೀಯಾ ವಿಭಕ್ತಿಯಲ್ಲಿಯೂ ಅಚ್ಚುಕಟ್ಟಾಗಿ ಕುಳಿತಿರುವುದು ಕಂಡುಬಂದಿದೆ. ಕ್ರಿಯಾಪದವು ಕೊನೆಯಲ್ಲಿದೆ. ಇದಕ್ಕಿಂತ ಹೆಚ್ಚಿನದನ್ನು ಒಂದು ವಾಕ್ಯದಿಂದ ನಿರೀಕ್ಷಿಸುವಂತಿಲ್ಲ. ಗುಮಾಸ್ತರನ್ನು ವಿಚಾರಿಸಲಾಗಿ, “ನಂಗೂ ಒಂದ್ ಥರಾ ಅನ್ನಿಸ್ತು ಸಾರ್. ಆದ್ರೆ ಸುತ್ತೋಲೆಯಲ್ಲಿ ಇರೋದನ್ನ ಪ್ರಶ್ನೆ ಮಾಡಬಾರದು ಅಂತ ಅದರ ಹಿಂದಿನ ಸುತ್ತೋಲೆಯಲ್ಲಿ ಇತ್ತಲ್ಲಾ” ಎಂದು ಉತ್ತರಿಸಿರುತ್ತಾರೆ. ಹಿಂದಿನ ಸುತ್ತೋಲೆಯನ್ನು ತೆಗೆಸಿ ನೋಡಲಾಗಿ ಹಾಗೆಯೇ ಇರುವುದು ದೃಢಪಟ್ಟಿದೆ.

೨. ಬ್ರೆಡ್ ಭಟ್ಟಿಯ ಯಜಮಾನರು ಸಲ್ಲಿಸಿದ ದೂರಿನ ಸಾರಾಂಶವನ್ನು ಅವರದೇ ಮಾತುಗಳಲ್ಲಿ ದಾಖಲಿಸಲಾಗಿದೆ: “ಬಗ್ಗಿ ಅಂದ್ರು, ಬಗ್ಗಿದೆ. ಮುಖ ಇಡಿ ಅಂದ್ರು, ಇಟ್ಟೆ. ತಲೆ ಮೇಲೆ ಮುಚ್ಚಳ ಹಾಕಿ ಅದುಮಿದ್ರು, ಸುಮ್ನಿದ್ದೆ. ಸರ್ಕಾರಿ ಕೆಲಸ ಅಂದ್ಮೇಲೆ ಇದೂ ಇರಬಹುದು ಅಂದ್ಕೊಂಡೆ. ದಿನಾ ನಾನು ಹಿಟ್ಟು ಅದುಮ್ತೀನಿ, ಒಂದಿನ ನನ್ನನ್ನ ಅದುಮಿದ್ರೆ ಏನು ಮಹಾ? ಆದ್ರೆ ಸ್ವಾಮಿ, ಈಗ ಚೀಟಿ ತಗೊಳ್ಳೋಕೆ ಬಂದ್ರೆ ‘ಇದು ನೀವಲ್ಲ’ ಅಂತಾರಲ್ಲ, ಇದು ಯಾವ ನ್ಯಾಯ?” ಸಾರ್ವಜನಿಕರ ವಿಧೇಯತೆಯನ್ನು ಈ ಕಾರ್ಯಾಲಯವು ಮೆಚ್ಚಿಕೊಂಡಿದೆ. ನ್ಯಾಯದ ಪ್ರಶ್ನೆಯನ್ನು ಕಂಡಿಕೆ ೬ರಲ್ಲಿ ಇತ್ಯರ್ಥಪಡಿಸಲಾಗಿದೆ.

೩. ಸದರಿ ನಲವತ್ತೊಂದು ಚಿತ್ರಗಳನ್ನು ಅಳಿಸಲು ಅವಕಾಶವಿರುವುದಿಲ್ಲ. ಹಳೆಯಮ್ಮನಿಗೆ ಹೊಸ ಸೌಲಭ್ಯಗಳನ್ನು ಜೋಡಿಸಿದ ತಂತ್ರಜ್ಞರನ್ನು ಕರೆಸಿ ಕೇಳಲಾಗಿ ಅವರು, “ಸಾರ್, ಈ ಯಮ್ಮ ಅಕ್ಷರ ಓದ್ಕೊಂಡು ಬೆಳೆದೋರು. ಚಿತ್ರ ನುಂಗಿಸೋಕೇ ನಂಗೆ ಒಂದು ತಿಂಗಳು ಬೇಕಾಯ್ತು. ಒಂದ್ಸಲ ನುಂಗಿದ್ದನ್ನ ಉಗುಳೋ ಅಭ್ಯಾಸ ಅವರಿಗಿಲ್ಲ” ಎಂದು ತಿಳಿಸಿರುತ್ತಾರೆ. ಹೀಗಾಗಿ ಒಬ್ಬರಿಗೆ ಒಂದೇ ಚಿತ್ರ, ಒಮ್ಮೆ ಸೇರಿದ್ದೇ ಕೊನೆ. ಇವುಗಳಲ್ಲದೆ ಮಾದರಿಗೆಂದು ಎಲ್ಲಕ್ಕೂ ಮೊದಲು ಸೇರಿಸಿದ ಅಧೀಕ್ಷಕರ ಚಿತ್ರವೊಂದಿದ್ದು, ಅದನ್ನು ಮಾತ್ರ ಕ್ರಮಬದ್ಧವಾಗಿ ಕಾಗದದ ಭಾವಚಿತ್ರದಿಂದ ತೆಗೆಯಲಾಗಿದೆ. ಸದರಿ ಭಾವಚಿತ್ರವು ಅವರು ಸೇವೆಗೆ ಸೇರಿದ ವರ್ಷದ್ದಾಗಿದ್ದು ಉತ್ತಮ ಸ್ಥಿತಿಯಲ್ಲಿದೆ.

೪. ಚಿತ್ರವನ್ನು ತೋರಿಸುವಾಗ ಹಳೆಯಮ್ಮನು ಬೆಂಕಿಪೆಟ್ಟಿಗೆಯಷ್ಟು ದೊಡ್ಡದಾದ ಚೌಕವೊಂದನ್ನು ಪರದೆಯ ಎಡಮೂಲೆಯಲ್ಲಿ ತೆರೆಯುತ್ತಾಳೆ. ಅಲ್ಲಿಯೇ ನಾಗರಿಕರ ಹೆಸರೂ ಇರುವುದರಿಂದ ಚಿತ್ರವು ಬಂದ ಕೂಡಲೇ ಹೆಸರು ಮುಚ್ಚಿಹೋಗುತ್ತದೆ. ಆದುದರಿಂದ ಗುಮಾಸ್ತರು ಮೊದಲು ಹೆಸರನ್ನು ಮೂರು ಬಾರಿ ಗಟ್ಟಿಯಾಗಿ ಹೇಳಿ ಬಾಯಿಪಾಠ ಮಾಡಿಕೊಂಡು ನಂತರವೇ ಚಿತ್ರವನ್ನು ತೆರೆಯತಕ್ಕದ್ದು. ಚಿತ್ರವು ಮೇಲಿನಿಂದ ಕೆಳಕ್ಕೆ ಒಂದೊಂದೇ ಗೆರೆಯಾಗಿ ಇಳಿಯುತ್ತದೆ: ಕೂದಲಿಗೆ ಎರಡು ನಿಮಿಷ, ಹಣೆಗೆ ಒಂದೂವರೆ, ಗಲ್ಲವನ್ನು ಮುಟ್ಟುವ ಹೊತ್ತಿಗೆ ಒಟ್ಟು ಏಳು ನಿಮಿಷ. ಈ ಅವಧಿಯಲ್ಲಿ ಅರ್ಜಿದಾರರು ಕೌಂಟರನ್ನು ಬಿಟ್ಟು ಕದಲುವಂತಿಲ್ಲ. ಹಣೆಯನ್ನಷ್ಟೇ ನೋಡಿ “ನಾನೇ, ನಾನೇ” ಎಂದು ಕೂಗುವುದನ್ನು ಆತುರವೆಂದು ಪರಿಗಣಿಸಲಾಗುವುದು.

೫. ಚಿತ್ರವು ಪೂರ್ತಿಯಾಗಿ ಇಳಿಯುವ ಮೊದಲು ಸಿಬ್ಬಂದಿಯು ನಗತಕ್ಕದ್ದಲ್ಲ. ಪೂರ್ತಿಯಾಗಿ ಇಳಿದ ನಂತರವೂ ನಗತಕ್ಕದ್ದಲ್ಲ. ಹದಿನೇಳನೆಯ ಚಿತ್ರದಲ್ಲಿ ಒಂದು ಕಿವಿಯಷ್ಟೇ ಇರುವುದು, ಇಪ್ಪತ್ಮೂರನೆಯದರಲ್ಲಿ ಮೀಸೆಯು ಎರಡು ಕಂಬಳಿಹುಳುಗಳಂತೆ ಬೇರೆಬೇರೆ ದಿಕ್ಕಿಗೆ ಹೊರಟಿರುವುದು ಹಾಗೂ ಮೂವತ್ತನೆಯದರಲ್ಲಿ ಅರ್ಜಿದಾರರು ಸೀನಿರುವುದು ನಗುವ ವಿಷಯಗಳಲ್ಲ. ಇನ್ನೊಬ್ಬರ ಮುಖವನ್ನು ಕಂಡು ನಗುವವರು ತಮ್ಮ ಮುಖವನ್ನು ಒಮ್ಮೆ ಗಾಜಿನ ಮೇಲೆ ಇಟ್ಟು ನೋಡಿಕೊಳ್ಳಲಿ ಎಂಬುದು ಈ ಕಾರ್ಯಾಲಯದ ವಿನಮ್ರ ಅಭಿಪ್ರಾಯ. (ಇದು ಅಭಿಪ್ರಾಯವೇ ಹೊರತು ಆದೇಶವಲ್ಲ. ಯಾರೂ ಇಡತಕ್ಕದ್ದಲ್ಲ.)

೬. ಕಂಡಿಕೆ ೩ರಲ್ಲಿ ವಿವರಿಸಿದಂತೆ ಚಿತ್ರವು ಬದಲಾಗುವುದಿಲ್ಲ. ಚಿತ್ರಕ್ಕೂ ಮುಖಕ್ಕೂ ತಾಳೆಯಾಗದೆ ಚೀಟಿ ನೀಡುವಂತಿಲ್ಲ. ಎರಡರಲ್ಲಿ ಒಂದು ಬದಲಾಗಲಾರದು ಎಂದಾದಲ್ಲಿ ಇನ್ನೊಂದು ಬದಲಾಗಬೇಕೆಂಬುದು ಸರಳವಾದ ತರ್ಕ. ಆದುದರಿಂದ ಮುಖವು ಬದಲಾಗತಕ್ಕದ್ದು. ಈ ಉದ್ದೇಶಕ್ಕಾಗಿ ಎರಡನೆಯ ಕೌಂಟರಿನ ಎದುರು ಮರದ ಚೌಕಟ್ಟಿನಲ್ಲಿ ಗಾಜಿನ ಹಲಗೆಯೊಂದನ್ನು ನಿಲ್ಲಿಸಲಾಗುವುದು. ಚಿತ್ರದಲ್ಲಿ ಮೂಗು ಬಲಕ್ಕೆ ಮಡಚಿದ್ದಲ್ಲಿ ಅರ್ಜಿದಾರರು ತಮ್ಮ ಮೂಗನ್ನು ಬಲಕ್ಕೆ ಮಡಚಿ, ಎಡಕ್ಕೆ ಮಡಚಿದ್ದಲ್ಲಿ ಅದೇ ಮೂಗನ್ನು ಎಡಕ್ಕೆ ಮಡಚಿ, ಮೂಗು ಕಾಣದೇ ಇದ್ದಲ್ಲಿ ಕೆನ್ನೆಯನ್ನು ಮುಂದೆ ಮಾಡಿ, ಗಾಜಿಗೆ ಒತ್ತಿ ನಿಲ್ಲತಕ್ಕದ್ದು. ಬಲ ಎಂದರೆ ಅರ್ಜಿದಾರರ ಬಲವೋ ಗುಮಾಸ್ತರ ಬಲವೋ ಎಂಬ ಪ್ರಶ್ನೆ ಉದ್ಭವಿಸಿದ್ದು, ಇಬ್ಬರದೂ ಅಲ್ಲ, ಅಧೀಕ್ಷಕರ ಕೊಠಡಿಯು ಇರುವ ದಿಕ್ಕೇ ಬಲವೆಂದು ಸ್ಪಷ್ಟಪಡಿಸಲಾಗಿದೆ.

೭. ಗಾಜಿನ ಮೇಲೆ ಉಸಿರಿನ ಮಂಜು ಕಟ್ಟುವುದರಿಂದ ತಾಳೆ ನೋಡುವ ಏಳು ನಿಮಿಷಗಳ ಕಾಲ ಉಸಿರನ್ನು ಮಿತವಾಗಿ ಬಳಸುವುದು. ಒರೆಸುವ ಬಟ್ಟೆಯನ್ನು ಚೌಕಟ್ಟಿಗೆ ದಾರದಿಂದ ಕಟ್ಟಲಾಗಿದೆ. ಅದು ಗಾಜಿನ ಬಟ್ಟೆಯೇ ಹೊರತು ಮುಖದ ಬಟ್ಟೆಯಲ್ಲ.

೮. ‘ಮುಖ’ ಎಂಬ ಪದದಿಂದಲೇ ಈ ಎಲ್ಲ ಗೊಂದಲವು ಉಂಟಾಗಿರುವುದರಿಂದ ಇನ್ನು ಮುಂದೆ ಕಡತಗಳಲ್ಲಿ ಆ ಪದವನ್ನೂ ಅದರ ಸಂತಾನವನ್ನೂ ಬಳಸುವಂತಿಲ್ಲ. ‘ಮುಖ್ಯ ಗುಮಾಸ್ತರು’ ಪ್ರಧಾನ ಗುಮಾಸ್ತರಾಗತಕ್ಕದ್ದು. ‘ಮುಖಪುಟ’ಕ್ಕೆ ಮೊದಲ ಹಾಳೆ ಎನ್ನುವುದು. ‘ಅಂಚೆಯ ಮುಖಾಂತರ’ ಬರುತ್ತಿದ್ದ ಪತ್ರಗಳು ಅಂಚೆಯಿಂದ ಬರತಕ್ಕದ್ದು. ‘ಅಧೀಕ್ಷಕರ ಸಮ್ಮುಖದಲ್ಲಿ’ ಎಂಬುದರ ಬದಲಿಗೆ ‘ಅಧೀಕ್ಷಕರು ನೋಡುತ್ತಿರುವಾಗ’ ಎಂದು ಬರೆಯುವುದು. ನೋಡದೇ ಇದ್ದಲ್ಲಿ ಹಾಗೆ ಬರೆಯಬಾರದು. ‘ಮುಖಾಮುಖಿ’ ಎಂಬುದಕ್ಕೆ ತಕ್ಕ ಪದವು ದೊರೆತಿರುವುದಿಲ್ಲ. ದೊರೆಯುವವರೆಗೆ ಸಿಬ್ಬಂದಿಯು ಪಕ್ಕಪಕ್ಕದಲ್ಲಿ ಕುಳಿತು ಮಾತನಾಡತಕ್ಕದ್ದು. ಮುಖದ ಬಗ್ಗೆಯೇ ಇರುವ ಈ ಸುತ್ತೋಲೆಗೆ ಈ ಕಂಡಿಕೆಯು ಅನ್ವಯಿಸುವುದಿಲ್ಲ.

೯. (ಮಂಗಳವಾರ ಬೆಳಿಗ್ಗೆ) ಚಿತ್ರವೇ ಇರುವಾಗ ಚಿತ್ರವನ್ನು ಮಾತಿನಲ್ಲಿ ಬಣ್ಣಿಸುವುದು ಪದಗಳ ದುಂದುಗಾರಿಕೆಯಾಗುತ್ತದೆ. ಆದುದರಿಂದ ಚಹರೆ ಗುಮಾಸ್ತೆಯ ಹುದ್ದೆಯನ್ನು ಮುಂದಿನ ತಿಂಗಳ ಮೊದಲ ದಿನದಿಂದ ರದ್ದುಗೊಳಿಸಲು ಉದ್ದೇಶಿಸಲಾಗಿದೆ. ಕಿಟಕಿಯ ಬದಿಯ ಅವರ ಮೇಜಿನ ಮೇಲೆ ಗಾಜಿನ ಯಂತ್ರವನ್ನು ಇರಿಸಲಾಗುವುದು. ಸದರಿಯವರ ಸೇವೆಯು ಇನ್ನೂ ನಾಲ್ಕು ವರ್ಷ ಉಳಿದಿರುವುದರಿಂದ ಅವರನ್ನು ನೆಲಮಾಳಿಗೆಯ ದಾಸ್ತಾನು ಕೊಠಡಿಗೆ ನಿಯೋಜಿಸಲಾಗುವುದು. ಅಲ್ಲಿ ಮುರಿದ ಕುರ್ಚಿಗಳಿವೆ, ನೋಡಲು ಮುಖಗಳಿಲ್ಲ.

ಈ ಕ್ರಮವು ಯಾರ ಮೇಲಿನ ದ್ವೇಷದಿಂದಲೂ ಕೈಗೊಂಡದ್ದಲ್ಲ. ಆದರೂ ಚಹರೆಯ ಸಾಲನ್ನು ತುಂಬುವಲ್ಲಿ ಸದರಿಯವರು ಶಿಸ್ತನ್ನು ಮೀರುತ್ತಿದ್ದುದನ್ನು ದಾಖಲಿಸದೇ ವಿಧಿಯಿಲ್ಲ. ಎಡಗೆನ್ನೆಯ ಮಚ್ಚೆ, ಬಲಗೈಯ ಗಾಯದ ಕಲೆ ಎಂದು ನಮೂದಿಸಬೇಕಾದ ಜಾಗದಲ್ಲಿ ಬ್ರೆಡ್ ಭಟ್ಟಿಯ ಯಜಮಾನರಿಗೆ “ಹುಬ್ಬಿನಲ್ಲಿ ಹಿಟ್ಟು, ಒರೆಸಿದರೂ ಇರುತ್ತದೆ” ಎಂದು ಬರೆದಿರುತ್ತಾರೆ. ಶಾಲೆಯಲ್ಲಿ ಗಂಟೆ ಬಾರಿಸುವವರಿಗೆ “ಮಾತಿಗೆ ಮೊದಲು ಗಡಿಯಾರ ನೋಡುತ್ತಾರೆ” ಎಂದು ಬರೆದಿರುತ್ತಾರೆ. ಅವಳಿ ಸಹೋದರಿಯರಲ್ಲಿ ಒಬ್ಬರಿಗೆ “ಮೊದಲು ನಗುವವಳು” ಎಂದೂ ಇನ್ನೊಬ್ಬರಿಗೆ “ಅವಳನ್ನು ನೋಡಿ ನಗುವವಳು” ಎಂದೂ ಬರೆದಿರುತ್ತಾರೆ. ಗುರುತು ಎಂದರೆ ನಿಂತಲ್ಲಿ ನಿಲ್ಲುವಂಥದ್ದಾಗಿರಬೇಕು, ಮಚ್ಚೆಯು ನಗುವುದಿಲ್ಲ, ಕಲೆಯು ಗಡಿಯಾರವನ್ನು ನೋಡುವುದಿಲ್ಲ ಎಂದು ಮೂರು ಬಾರಿ ಲಿಖಿತವಾಗಿ ಎಚ್ಚರಿಸಿದ್ದರೂ ಸುಧಾರಣೆ ಕಂಡುಬಂದಿಲ್ಲ. ಇಪ್ಪತ್ತಾರು ವರ್ಷಗಳಲ್ಲಿ ಒಬ್ಬರ ಚೀಟಿಯೂ ಇನ್ನೊಬ್ಬರ ಕೈಗೆ ಹೋಗಿಲ್ಲವೆಂಬುದು ನಿಜವಾದರೂ ಅದನ್ನು ಶಿಸ್ತಿಗೆ ಪರ್ಯಾಯವೆಂದು ಪರಿಗಣಿಸಲಾಗದು.

ಈ ಕಂಡಿಕೆಯನ್ನು ಸದರಿಯವರಿಗೆ ಓದಿ ಹೇಳಲಾಯಿತು. ಅವರು ಯಾವುದೇ ಆಕ್ಷೇಪಣೆಯನ್ನು ಸಲ್ಲಿಸಿರುವುದಿಲ್ಲ. “ಆಗಲಿ ಸಾರ್. ಯಂತ್ರಾನ ಕಿಟಕಿ ಕಡೆ ತುದೀಲಿ ಮಾತ್ರ ಇಡಬೇಡಿ, ಮಧ್ಯಾಹ್ನ ಬಿಸಿಲು ನೇರ ಬೀಳುತ್ತೆ” ಎಂದಷ್ಟೇ ತಿಳಿಸಿರುತ್ತಾರೆ. ಸಲಹೆಯನ್ನು ಅಂಗೀಕರಿಸಲಾಗಿದೆ.

೧೦. (ಮಂಗಳವಾರ ಮಧ್ಯಾಹ್ನ) ಚಿತ್ರದ ಪ್ರಾಮಾಣ್ಯವು ಸಾರ್ವಜನಿಕರಿಗೆ ಮನದಟ್ಟಾಗಬೇಕಾದಲ್ಲಿ ಮೊದಲು ಸಿಬ್ಬಂದಿಯೇ ಮೇಲ್ಪಂಕ್ತಿ ಹಾಕಬೇಕಾಗುತ್ತದೆ. ಆದುದರಿಂದ ಬುಧವಾರದಿಂದ ವಿಭಾಗದ ಬಾಗಿಲಿನಲ್ಲಿ ಕಾವಲುಗಾರರ ಬಳಿ ಪರದೆಯೊಂದನ್ನು ಇರಿಸಲಾಗುವುದು. ಹಳೆಯಮ್ಮನಲ್ಲಿ ಯಾರ ಚಿತ್ರವಿದೆಯೋ ಅವರು ಚಿತ್ರಕ್ಕೆ ತಾಳೆಯಾದ ಹೊರತು ಒಳಬರುವಂತಿಲ್ಲ. ಕಾವಲುಗಾರರು ಮುಖ ನೋಡಿ ಮಣೆ ಹಾಕತಕ್ಕದ್ದಲ್ಲ. ಚಿತ್ರ ನೋಡಿ ಬಾಗಿಲು ತೆಗೆಯತಕ್ಕದ್ದು. ಪರಿಚಯ, ಹುದ್ದೆ, ವಯಸ್ಸು, ಗದರಿಕೆ ಇವು ಯಾವುವನ್ನೂ ಲೆಕ್ಕಿಸುವಂತಿಲ್ಲ. ಇದರಿಂದ ಯಾರಿಗೂ ವಿನಾಯಿತಿ ಇರುವುದಿಲ್ಲ, ಅಧೀಕ್ಷಕರಿಗೂ ಇರುವುದಿಲ್ಲ. ಒಂದರಿಂದ ಹತ್ತರವರೆಗಿನ ಕಂಡಿಕೆಗಳನ್ನು ಮಂಗಳವಾರ ಸಂಜೆ ಎಲ್ಲ ಸಿಬ್ಬಂದಿಗೆ ಗಟ್ಟಿಯಾಗಿ ಓದಿ ಹೇಳಲಾಗಿದ್ದು, ಅಂದಿನಿಂದಲೇ ಜಾರಿಗೆ ಬಂದಿರುತ್ತವೆ. ಕಾವಲುಗಾರರು ಎರಡು ಬಾರಿ ಓದಿಸಿಕೊಂಡಿರುತ್ತಾರೆ.

೧೧. (ಬುಧವಾರ) ಬೆಳಿಗ್ಗೆ ಹತ್ತು ಗಂಟೆಗೆ ಐದು ನಿಮಿಷವಿರುವಾಗ, ಅಂದರೆ ಎಂದಿನ ವೇಳೆಗೆ, ಅಧೀಕ್ಷಕರು ಬಾಗಿಲಿಗೆ ಆಗಮಿಸಿರುತ್ತಾರೆ. ಕಾವಲುಗಾರರು ನಿಯಮಾನುಸಾರ ಹೆಸರನ್ನು ಮೂರು ಬಾರಿ ಹೇಳಿ ಚಿತ್ರವನ್ನು ತೆರೆದಿರುತ್ತಾರೆ. ಮೊದಲ ಎರಡು ನಿಮಿಷಗಳಲ್ಲಿ ದಟ್ಟವಾದ, ಬಲಕ್ಕೆ ಬಾಚಿದ, ಅಲೆಅಲೆಯಾದ ಕೂದಲು ಇಳಿದಿರುತ್ತದೆ. ಕಾವಲುಗಾರರು ಅದನ್ನೂ ಅಧೀಕ್ಷಕರನ್ನೂ ಬದಲಿಸಿ ಬದಲಿಸಿ ನೋಡಿ, “ಸಾರ್, ಇದರಲ್ಲಿ ಕೂದಲಿದೆ. ನಿಮ್ಮ ಹತ್ರ ಇಲ್ಲ” ಎಂದಿರುತ್ತಾರೆ. ತಾವು ಯಾರೆಂದು ತಿಳಿಯದೇ ಎಂದು ಅಧೀಕ್ಷಕರು ಕೇಳಲಾಗಿ, “ತಿಳೀದೇ ಏನು ಸಾರ್, ಹನ್ನೊಂದು ವರ್ಷದಿಂದ ನಮಸ್ಕಾರ ಹಾಕ್ತಿದೀನಿ. ಆದ್ರೆ ಪರಿಚಯ ಲೆಕ್ಕಕ್ಕಿಲ್ಲ ಅಂತ ಹತ್ತನೇದ್ರಲ್ಲಿ ಇದೆ. ಗದರಿಕೇನೂ ಲೆಕ್ಕಕ್ಕಿಲ್ಲ. ಚಿತ್ರ ಬದಲಾಗಲ್ಲ, ಮುಖಾನೇ ಬದಲಾಗಬೇಕು ಅಂತ ಆರನೇದ್ರಲ್ಲಿ ಇದೆ. ಕೂದಲು ತಗೊಂಡು ಬನ್ನಿ ಸಾರ್, ನಾನೇ ಬಾಗಿಲು ತೆಗೀತೀನಿ” ಎಂದು ಉತ್ತರಿಸಿರುತ್ತಾರೆ. ಉತ್ತರದಲ್ಲಿ ಯಾವುದೇ ಲೋಪ ಕಂಡುಬಂದಿಲ್ಲ.

ಅಧೀಕ್ಷಕರು ನೀರಿನ ತೊಟ್ಟಿಯ ಪಕ್ಕದ ಬೆಂಚಿನ ಮೇಲೆ ಐವತ್ತು ನಿಮಿಷಗಳ ಕಾಲ ಕುಳಿತಿರುತ್ತಾರೆ. ಅದೇ ಬೆಂಚಿನಲ್ಲಿ ಬ್ರೆಡ್ ಭಟ್ಟಿಯ ಯಜಮಾನರೂ ಕುಳಿತಿದ್ದು, ಅಧೀಕ್ಷಕರಿಗೆ ಜಾಗ ಮಾಡಿಕೊಟ್ಟು, “ನಿಮ್ಮನ್ನೂ ಅದುಮಿದ್ರಾ ಸ್ವಾಮಿ?” ಎಂದು ವಿಚಾರಿಸಿರುತ್ತಾರೆ.

೧೨. ಸುದ್ದಿ ತಿಳಿದು ಚಹರೆ ಗುಮಾಸ್ತೆಯವರು ಬಾಗಿಲಿಗೆ ಬಂದಿರುತ್ತಾರೆ. ಹೊಸ ಚಿತ್ರವನ್ನು ಮುಚ್ಚಿದಲ್ಲಿ ಅದರ ಹಿಂದೆ ಹಳೆಯ ಚಹರೆಯ ಸಾಲು ಇನ್ನೂ ಇರುತ್ತದೆಂಬುದನ್ನು ಅವರು ಕಾವಲುಗಾರರಿಗೆ ತೋರಿಸಿಕೊಟ್ಟು, ಅದರಂತೆ ತಾಳೆ ನೋಡಲು ಕೋರಿರುತ್ತಾರೆ. ಹಳೆಯ ಕ್ರಮವನ್ನು ಇನ್ನೂ ವಿಧ್ಯುಕ್ತವಾಗಿ ರದ್ದುಪಡಿಸಿಲ್ಲದ ಕಾರಣ ಕಾವಲುಗಾರರು ಒಪ್ಪಿರುತ್ತಾರೆ. ಅಧೀಕ್ಷಕರ ಚಹರೆಯ ಸಾಲಿನಲ್ಲಿ ಇಪ್ಪತ್ತೆರಡು ವರ್ಷಗಳ ಹಿಂದೆ ಈ ರೀತಿ ನಮೂದಾಗಿರುವುದು ಕಂಡುಬಂದಿದೆ:

“ತಪ್ಪು ಗೊತ್ತಾದಾಗ ಎಡಗಿವಿ ಕೆಂಪಾಗುತ್ತದೆ.”

ಕಾವಲುಗಾರರು ಅಧೀಕ್ಷಕರ ಎಡಗಿವಿಯನ್ನು ಪರಿಶೀಲಿಸಿರುತ್ತಾರೆ. ಕಿವಿಯು ಎಂದಿನ ಬಣ್ಣದಲ್ಲಿಯೇ ಇದ್ದುದರಿಂದ ಪ್ರವೇಶವನ್ನು ಮತ್ತೊಮ್ಮೆ ನಿರಾಕರಿಸಲಾಗಿದೆ. ತಾವು ಯಾವ ತಪ್ಪನ್ನೂ ಮಾಡಿಲ್ಲವಾದ್ದರಿಂದ ಕಿವಿಯು ಕೆಂಪಾಗುವ ಪ್ರಶ್ನೆಯೇ ಉದ್ಭವಿಸದೆಂದು ಅಧೀಕ್ಷಕರು ವಾದಿಸಿರುತ್ತಾರೆ. ಹಾಗಾದಲ್ಲಿ ಒಳಗೆ ಬರುವ ಪ್ರಶ್ನೆಯೂ ಉದ್ಭವಿಸದೆಂದು ಕಾವಲುಗಾರರು ವಿಷಾದದಿಂದ ತಿಳಿಸಿರುತ್ತಾರೆ. ಬೆಂಚಿನಿಂದ ಬ್ರೆಡ್ ಭಟ್ಟಿಯ ಯಜಮಾನರು, “ಬೇಕಾದ್ರೆ ನಾನು ಸ್ವಲ್ಪ ಹಿಂಡಿ ಕೊಡ್ಲಾ?” ಎಂದು ಸಹಾಯ ಮಾಡಲು ಮುಂದೆ ಬಂದಿದ್ದು, ಅದನ್ನು ವಂದನೆಗಳೊಂದಿಗೆ ನಿರಾಕರಿಸಲಾಗಿದೆ.

೧೩. ತದನಂತರ ಚಹರೆ ಗುಮಾಸ್ತೆಯವರು ಒಳಗೆ ಹೋಗಿ ಮೂಲ ಸುತ್ತೋಲೆಯ ಕರಡನ್ನು ಕಡತದಿಂದ ತೆಗೆದುಕೊಂಡು ಬಂದು ಅಧೀಕ್ಷಕರ ಎದುರು ಹಿಡಿದಿರುತ್ತಾರೆ. ಸದರಿ ಕರಡಿನ ನಾಲ್ಕನೆಯ ಕಂಡಿಕೆಯು ಈ ರೀತಿ ಇರುತ್ತದೆ:

“ಅರ್ಜಿದಾರರ ಭಾವಚಿತ್ರದ ಮುಖವನ್ನು ಕೆಳಮುಖವಾಗಿ ಗಾಜಿನ ಮೇಲೆ ಇರಿಸಿ…”

‘ಭಾವಚಿತ್ರದ’ ಎಂಬ ಪದವನ್ನು ಕೆಂಪು ಶಾಯಿಯಿಂದ ಹೊಡೆದುಹಾಕಿ ಪಕ್ಕದಲ್ಲಿ ‘ಪುನರುಕ್ತಿ. ಮೂರನೆಯ ಕಂಡಿಕೆಯಲ್ಲಿ ಒಮ್ಮೆ ಬಂದಿದೆ’ ಎಂದು ಬರೆಯಲಾಗಿದೆ. ಕೆಂಪು ಶಾಯಿಯ ಲೇಖನಿಯು ಈ ವಿಭಾಗದಲ್ಲಿ ಒಂದೇ ಇದ್ದು ಅದು ಅಧೀಕ್ಷಕರ ಜೇಬಿನಲ್ಲಿರುತ್ತದೆ. ಕರಡಿನ ಎಡ ಅಂಚಿನಲ್ಲಿ ಪೆನ್ಸಿಲಿನಿಂದ, ಚಹರೆ ಗುಮಾಸ್ತೆಯವರ ಕೈಬರಹದಲ್ಲಿ, ಹೀಗಿರುತ್ತದೆ: “ಭಾವಚಿತ್ರದ ಅನ್ನೋದು ಇರಲಿ ಸಾರ್. ಇಲ್ಲದಿದ್ದರೆ ಜನರ ಮುಖಾನೇ ಇಟ್ಟಾರು.” ಅದರ ಕೆಳಗೆ ಪುನಃ ಕೆಂಪು ಶಾಯಿಯಲ್ಲಿ: “ಅನವಶ್ಯಕ.”

ಒಮ್ಮೆ ಹೇಳಿದ ಪದವನ್ನು ಎರಡನೆಯ ಬಾರಿ ಹೇಳುವುದು ದೋಷವೆಂದು ಅಧೀಕ್ಷಕರು ಶಾಲೆಯಲ್ಲಿ ಕಲಿತಿರುತ್ತಾರೆ. ಆ ದೋಷಕ್ಕಾಗಿ ಬೆಂಚಿನ ಮೇಲೆ ನಿಂತಿದ್ದೂ ಉಂಟು. ಯಾವ ಪದವನ್ನು ಎರಡು ಬಾರಿ ಹೇಳಲೇಬೇಕು ಎಂಬ ಪಾಠವು ಆ ಪುಸ್ತಕದಲ್ಲಿ ಇರಲಿಲ್ಲವೋ, ಅಥವಾ ಇದ್ದ ದಿನ ಅಧೀಕ್ಷಕರು ಬೆಂಚಿನ ಮೇಲಿದ್ದರೋ, ಈಗ ಹೇಳಲು ಬರುವುದಿಲ್ಲ.

ಹನ್ನೊಂದು ಗಂಟೆ ನಾಲ್ಕು ನಿಮಿಷಕ್ಕೆ ಎಡಗಿವಿಯು ಮೊದಲು ತುದಿಯಲ್ಲಿಯೂ ನಂತರ ಸಂಪೂರ್ಣವಾಗಿಯೂ ಕೆಂಪಾಗಿರುತ್ತದೆ. ಇದಕ್ಕೆ ಏಳು ನಿಮಿಷಗಳು ಬೇಕಾಗಿರುವುದಿಲ್ಲ. ಕಾವಲುಗಾರರು, “ಹಾಂ, ಈಗ ನೀವೇ ಸಾರ್. ಬನ್ನಿ ಬನ್ನಿ” ಎಂದು ಬಾಗಿಲು ತೆರೆದಿರುತ್ತಾರೆ. ಅಧೀಕ್ಷಕರ ಬೆನ್ನಿಗೇ ಬಂದ ಬ್ರೆಡ್ ಭಟ್ಟಿಯ ಯಜಮಾನರ ಹುಬ್ಬಿನಲ್ಲಿ ಹಿಟ್ಟು ಕಂಡುಬಂದಿದ್ದರಿಂದ ಅವರನ್ನೂ ಒಳಗೆ ಬಿಡಲಾಗಿದೆ. ಬರುವ ಮೊದಲು ಒರೆಸಿಕೊಂಡಿದ್ದಾಗಿ ಅವರು ಹೇಳಿರುತ್ತಾರೆ.

೧೪. ಮೇಲ್ಕಂಡ ಎಲ್ಲ ಅಂಶಗಳನ್ನು ಕೂಲಂಕಷವಾಗಿ ಪರಿಶೀಲಿಸಿ, ಈ ಕೆಳಗಿನಂತೆ ಆದೇಶಿಸಲಾಗಿದೆ. ಮೂಲ ಸುತ್ತೋಲೆಯ ನಾಲ್ಕನೆಯ ಕಂಡಿಕೆಯಲ್ಲಿ ‘ಭಾವಚಿತ್ರದ’ ಎಂಬ ಪದವನ್ನು ಅದರ ಮೊದಲ ಸ್ಥಾನಕ್ಕೆ ಗೌರವಪೂರ್ವಕವಾಗಿ ಮರಳಿ ಸೇರಿಸಲಾಗಿದೆ. ಗಾಜಿನ ಮೇಲೆ ಇನ್ನು ಮುಂದೆ ಕಾಗದವನ್ನಷ್ಟೇ ಇಡುವುದು. ಒಳಗೆ ಸೇರಿರುವ ನಲವತ್ತೊಂದು ಚಿತ್ರಗಳನ್ನು, ಹಾಗೂ ಕೂದಲಿರುವ ಒಂದನ್ನು, ಯಾರೂ ತೆರೆಯತಕ್ಕದ್ದಲ್ಲ. ಹಳೆಯಮ್ಮನಿಗೆ ಅವು ಜೀರ್ಣವಾಗಲಿ. ಸದರಿ ನಲವತ್ತೊಂದು ಮಂದಿಗೆ ಚಹರೆಯ ಸಾಲಿನಂತೆ ತಾಳೆ ನೋಡಿ ನಾಳೆಯೇ ಚೀಟಿ ನೀಡತಕ್ಕದ್ದು. ಕಂಡಿಕೆ ೬ರ ಗಾಜಿನ ಹಲಗೆಯನ್ನು ಒಡೆದ ಕಿಟಕಿಗೆ ಹಾಕಿಸುವುದು. ಕಂಡಿಕೆ ೧ರ ಮೊದಲ ವಾಕ್ಯವನ್ನು ಹೊಡೆದುಹಾಕಿಲ್ಲ. ಅದನ್ನು ಓದುವಾಗ ಅಧೀಕ್ಷಕರ ಕಿವಿಯನ್ನು ನೆನೆಯುವುದು.

೧೫. ಚಹರೆ ಗುಮಾಸ್ತೆಯವರ ಹುದ್ದೆಯು ಮುಂದುವರಿಯತಕ್ಕದ್ದು. ಅವರು ಅದೇ ಕಿಟಕಿಯ ಬದಿಯ ಅದೇ ಮೇಜಿನಲ್ಲಿಯೇ ಕುಳಿತುಕೊಳ್ಳುವುದು. ಅವರಿಗೆ ನೀಡಿದ್ದ ಮೂರು ಲಿಖಿತ ಎಚ್ಚರಿಕೆಗಳನ್ನು ಹಿಂಪಡೆಯಲಾಗಿದ್ದು, ಹೊಸದಾಗಿ ಸೇರಿಸುವ ಪ್ರತಿಯೊಂದು ಚಿತ್ರದ ಜೊತೆಗೂ ಅವರ ಸಾಲು ಇರಲೇಬೇಕೆಂದು ವಿಧಿಸಲಾಗಿದೆ. ಗುರುತು ಎಂದರೆ ನಿಂತಲ್ಲಿ ನಿಲ್ಲಬೇಕೆಂಬ ಹಿಂದಿನ ನಿಲುವನ್ನು ಸಡಿಲಿಸಲಾಗಿದೆ. ಕಾರ್ಯಾಲಯದ ಎಲ್ಲ ಕರಡುಗಳೂ ಸಹಿಯಾಗುವ ಮೊದಲು ಅವರ ಮೇಜಿಗೆ ಹೋಗಿ ಬರತಕ್ಕದ್ದು, ಮತ್ತು ಅವರು ಬರೆಯಲೆಂದು ಎಡ ಅಂಚನ್ನು ನಾಲ್ಕು ಬೆರಳಿನಷ್ಟು ಅಗಲವಾಗಿ ಬಿಡತಕ್ಕದ್ದು. ಕೆಂಪು ಶಾಯಿಯ ಲೇಖನಿಯನ್ನು ನೆಲಮಾಳಿಗೆಯ ದಾಸ್ತಾನು ಕೊಠಡಿಗೆ ನಿಯೋಜಿಸಲಾಗಿದೆ.

ಇದನ್ನು ಬರೆದವರು ತಪ್ಪನ್ನು ಒಪ್ಪಿದ್ದಾರೆ; ಓದುವವರು ಪಾಲಿಸಿದರೆ ಸಾಕು.

(ಸಹಿ)
ಅಧೀಕ್ಷಕರು
ಗುರುತುಚೀಟಿ ವಿಭಾಗ

ಸಹಿದಾರರ ಗುರುತು: ಎಡಗಿವಿ ಕೆಂಪು. ಪರಿಶೀಲಿಸಿದೆ.
(ಕಾವಲುಗಾರರ ಸಹಿ)

ಪ್ರತಿಗಳು:
೧. ಎರಡನೆಯ ಕೌಂಟರಿನ ಗುಮಾಸ್ತರಿಗೆ. ಇನ್ನು ಮುಂದೆ ಸುತ್ತೋಲೆಯನ್ನು ಪ್ರಶ್ನಿಸಬಹುದು. ಮಧ್ಯಾಹ್ನ ಮೂರರಿಂದ ನಾಲ್ಕರವರೆಗೆ.
೨. ಬ್ರೆಡ್ ಭಟ್ಟಿಯ ಯಜಮಾನರಿಗೆ, ಕ್ಷಮಾಯಾಚನೆಯೊಂದಿಗೆ. ಉಳಿದ ನಲವತ್ತು ಮಂದಿಗೂ ಇದೇ ರೀತಿ. ಮುಖವನ್ನು ಒತ್ತಿದ್ದಕ್ಕೆ ಕಾಗದದಲ್ಲಿ ಕ್ಷಮೆ ಕೇಳುವುದು ಸಾಲದೆಂದು ಬಲ್ಲೆವು. ಬಂದಾಗ ಅಧೀಕ್ಷಕರು ಎದ್ದು ನಿಲ್ಲುವರು.
೩. ತಂತ್ರಜ್ಞರಿಗೆ, ಹಳೆಯಮ್ಮನಿಗೆ ಇನ್ನೇನನ್ನೂ ನುಂಗಿಸಬಾರದೆಂಬ ಕೋರಿಕೆಯೊಂದಿಗೆ.
೪. ಕಾವಲುಗಾರರಿಗೆ, ನಿಯಮವನ್ನು ಪಾಲಿಸಿದ್ದಕ್ಕಾಗಿ ಪ್ರಶಂಸಾಪತ್ರ ಹಾಗೂ ಅದೇ ಕಾರಣಕ್ಕಾಗಿ ವಿವರಣೆ ಕೇಳುವ ಪತ್ರ. ಎರಡೂ ಒಂದೇ ಲಕೋಟೆಯಲ್ಲಿ.
೫. ಅವಳಿ ಸಹೋದರಿಯರಿಗೆ ಒಂದೇ ಪ್ರತಿ. ಮೊದಲು ನಗುವವರು ಮೊದಲು ಓದಿ ಇನ್ನೊಬ್ಬರಿಗೆ ಕೊಡುವುದು.
೬. ಚಹರೆ ಗುಮಾಸ್ತೆಯವರಿಗೆ, ಸಹಿಗೆ ಮೊದಲೇ.
೭. ಕಚೇರಿ ಪ್ರತಿ. (ಎಡ ಅಂಚಿನಲ್ಲಿ ಪೆನ್ಸಿಲಿನಿಂದ: “ಆರನೇ ಕಂಡಿಕೆಯಲ್ಲಿ ಮೂಗು ನಾಲ್ಕು ಸಲ ಬಂದಿದೆ. ಇರಲಿ ಸಾರ್.”)